ರಾಣಿವಾಸದ ಮಾತು ಬರೆದವರು

ರಿಪ್ಪನ್‌ಪೇಟೆಯ ವೃತ್ತದಿಂದ ಕವಲೊಡೆಯುವ ದಾರಿಗಳಲ್ಲಿ ಯಾವುದನ್ನು ಹಿಡಿದರೂ ಕೆಳದಿ ಅರಸರ ಊರೊಂದು ಎದುರಾಗುತ್ತದೆ. ಸಾಗರದ ಕಡೆ ಹೋದರೆ ಕೆಳದಿ, ಇಕ್ಕೇರಿ. ಹೊಸನಗರದ ಕಡೆ ಹೋದರೆ ಬಿದನೂರು, ಅಂದರೆ ಇಂದಿನ ನಗರ. ತೀರ್ಥಹಳ್ಳಿಯ ಕಡೆಗೆ ಕವಲೇದುರ್ಗ. ಶಿವಮೊಗ್ಗಕ್ಕೆ ಹೋದರೆ ಅಲ್ಲೂ ಶಿವಪ್ಪ ನಾಯಕನ ಹೆಸರಿನ ಅರಮನೆ. ಪೇಟೆಗೆ ಹೆಸರು ಬಂದದ್ದು 1880ರಿಂದ 1884ರವರೆಗೆ ವೈಸರಾಯ್ ಆಗಿದ್ದ ಲಾರ್ಡ್ ರಿಪ್ಪನ್‌ನಿಂದ; ಸುತ್ತಲಿನ ನೆಲ ಮಾತ್ರ ಅದಕ್ಕೂ ಮೊದಲಿನ ಇನ್ನೂರೈವತ್ತಕ್ಕೂ ಹೆಚ್ಚು ವರ್ಷಗಳ ಕೆಳದಿ ಆಳ್ವಿಕೆಯದು.

ಈ ವಂಶದಲ್ಲಿ ಇಬ್ಬರು ಹೆಂಗಸರು ಗದ್ದುಗೆಯಲ್ಲಿ ಕೂತು ಆಳಿದರು. ಚೆನ್ನಮ್ಮಾಜಿ ಸುಮಾರು ಇಪ್ಪತ್ತೈದು ವರ್ಷ, ವೀರಮ್ಮಾಜಿ 1763ರಲ್ಲಿ ಹೈದರಾಲಿ ಬಿದನೂರು ಹಿಡಿಯುವವರೆಗೆ. ಚೆನ್ನಮ್ಮ ಮರಾಠರ ರಾಜಾರಾಮನಿಗೆ ಆಶ್ರಯ ಕೊಟ್ಟದ್ದು, ಔರಂಗಜೇಬನ ಸೈನ್ಯಕ್ಕೆ ಎದುರು ನಿಂತದ್ದು ನಮ್ಮ ಶಾಲೆಯ ಮಕ್ಕಳಿಗೂ ಗೊತ್ತು. ಆಕೆ ಮನೆಯಲ್ಲಿ ಹೇಗಿದ್ದಳು? ತವರಿನವರ ಜೊತೆ ಹೇಗಿದ್ದಳು, ಗಂಡನ ಮನಸ್ಸು ಬೇರೆಡೆ ಹೋದಾಗ ಯಾರ ಹತ್ತಿರ ಹೇಳಿಕೊಂಡಳು, ದತ್ತುಮಗನನ್ನು ಹೇಗೆ ಬೆಳೆಸಿದಳು? ಈ ಪ್ರಶ್ನೆ ಕೇಳಿದ ಕೂಡಲೇ ಚರಿತ್ರೆಯ ಪುಸ್ತಕ ತೆಳ್ಳಗಾಗಿಬಿಡುತ್ತದೆ. ಅದೇ ಕಾಲದಲ್ಲಿ ಬದುಕಿದ ಒಬ್ಬ ಫ್ರೆಂಚ್ ಹೆಂಗಸಿನ ಬಗ್ಗೆ ಇವೇ ಪ್ರಶ್ನೆಗಳನ್ನು ಕೇಳಿದರೆ ಉತ್ತರ ಸಾವಿರಾರು ಪುಟಗಳಲ್ಲಿ ಸಿಗುತ್ತದೆ. ಯಾಕೆಂದರೆ ಆಕೆ ಕಾಗದ ಬರೆದಳು. ನಮ್ಮ ರಾಣಿವಾಸದ ಮಾತನ್ನು ಬರೆದವರು ಬೇರೆಯವರು. ಆ ಬೇರೆಯವರು ಯಾರು, ಅವರ ಬರಹದಲ್ಲಿ ನಮ್ಮ ಹೆಂಗಸರು ಎಷ್ಟು ಉಳಿದಿದ್ದಾರೆ ಎಂಬುದನ್ನು ನೋಡದೆ ಕೆಳದಿಯ ಚರಿತ್ರೆ ಪೂರ್ತಿಯಾಗುವುದಿಲ್ಲ ಎಂದು ನನಗೆ ಬಲವಾಗಿ ಅನಿಸುತ್ತದೆ.

ಮೊದಲು ಸಿಗುವವನು ಒಬ್ಬ ಇಟಲಿಯವನು. ಪಿಯೆತ್ರೊ ಡೆಲ್ಲಾ ವಾಲೆ, ರೋಮಿನ ದೊಡ್ಡ ಮನೆತನದವನು. ಪಶ್ಚಿಮ ಏಷ್ಯಾದಲ್ಲಿ ಸುತ್ತುತ್ತಿದ್ದಾಗ ಮಾನಿ ಎಂಬ ಕ್ರೈಸ್ತ ಹುಡುಗಿಯನ್ನು ಮೆಚ್ಚಿ ಮದುವೆಯಾದ. ಆಕೆ ಪರ್ಷಿಯಾದ ತೀರದಲ್ಲಿ ಜ್ವರದಿಂದ ತೀರಿಕೊಂಡಳು. ಹೆಂಡತಿಯನ್ನು ಪರಸ್ಥಳದಲ್ಲಿ ಹೂಳಲು ಅವನಿಗೆ ಮನಸ್ಸು ಬರಲಿಲ್ಲ. ದೇಹ ಕೆಡದಂತೆ ಮಾಡಿಸಿ, ಪೆಟ್ಟಿಗೆಯಲ್ಲಿಟ್ಟು, ತಾನು ಹೋದಲ್ಲೆಲ್ಲ ಸಾಗಿಸಿ, ವರ್ಷಗಳ ಮೇಲೆ ರೋಮಿನಲ್ಲಿ ತನ್ನ ಮನೆತನದ ಸಮಾಧಿಯಲ್ಲಿ ಇಟ್ಟ. ಈ ದುಃಖ ಹೊತ್ತವನು 1623ರಲ್ಲಿ ಗೋವೆಯಲ್ಲಿದ್ದ. ಅಲ್ಲಿಂದ ಪೋರ್ಚುಗೀಸರ ರಾಯಭಾರಿಯೊಬ್ಬ ಇಕ್ಕೇರಿಯ ವೆಂಕಟಪ್ಪ ನಾಯಕನಲ್ಲಿಗೆ ಹೊರಟಿದ್ದ; ಡೆಲ್ಲಾ ವಾಲೆ ಜೊತೆಗೂಡಿದ. ವೆಂಕಟಪ್ಪ ನಾಯಕನ ಕಡೆಯಿಂದ ಗೋವೆಗೆ ಬಂದಿದ್ದ ವಿಠ್ಠಲ ಶೆಣೈಯೂ ತಂಡದಲ್ಲಿದ್ದ.

ಈ ರಾಯಭಾರಕ್ಕೆ ಕಾರಣವೇ ಒಂದು ಗಂಡ ಹೆಂಡಿರ ಜಗಳ. ಉಳ್ಳಾಲದ ರಾಣಿ ಅಬ್ಬಕ್ಕ ತನ್ನ ಗಂಡ ಬಂಗರಸನನ್ನು ಬಿಟ್ಟಿದ್ದಳು. ತಾಯಿಯ ಕಡೆಯಿಂದ ಪಟ್ಟ ಬರುವ ತುಳುನಾಡಿನಲ್ಲಿ ಹೆಣ್ಣಿಗೆ ಅದು ಸಾಧ್ಯವಿತ್ತು; ಅವನು ಕೊಟ್ಟ ಒಡವೆಯನ್ನೂ ಹಿಂದಕ್ಕೆ ಕಳಿಸಿದಳಂತೆ. ಮನಸ್ತಾಪ ಯುದ್ಧವಾಯಿತು. ಬಂಗರಸ ಪೋರ್ಚುಗೀಸರನ್ನು ಕರೆದ, ಅಬ್ಬಕ್ಕ ಘಟ್ಟದ ಮೇಲಿನ ವೆಂಕಟಪ್ಪ ನಾಯಕನನ್ನು ಕರೆದಳು. ಬಂಗರಸನ ಸೀಮೆ ಇಕ್ಕೇರಿಯವರ ಕೈಸೇರಿತು. ಅದನ್ನು ಬಿಡಿಸಿಕೊಡಿ ಎಂದು ಕೇಳಲು ಪೋರ್ಚುಗೀಸರು ಘಟ್ಟ ಹತ್ತಿದ್ದರು.

ಹೊನ್ನಾವರದವರೆಗೆ ಸಮುದ್ರ, ಗೇರುಸೊಪ್ಪೆಯವರೆಗೆ ಹೊಳೆಯಲ್ಲಿ ದೋಣಿ, ಆಮೇಲೆ ಘಟ್ಟದ ಕಾಡು. ಡೆಲ್ಲಾ ವಾಲೆಯ ಕಣ್ಣು ಸಣ್ಣಪುಟ್ಟದ್ದನ್ನು ಬಿಡುವುದಿಲ್ಲ. ದಾರಿಯ ಒಂದು ಗುಡಿಯ ಜಗಲಿಯಲ್ಲಿ ನಾಲ್ಕು ಹುಡುಗರು ನೆಲದ ಮೇಲೆ ನಯವಾದ ಮರಳು ಹರವಿಕೊಂಡು, ಬೆರಳಿನಿಂದ ಬರೆಯುತ್ತ, ಬರೆದದ್ದನ್ನು ಒಟ್ಟಿಗೆ ರಾಗವಾಗಿ ಹೇಳುತ್ತ ಲೆಕ್ಕ ಕಲಿಯುತ್ತಿದ್ದುದನ್ನು ನಿಂತು ನೋಡಿದ. ಇಕ್ಕೇರಿಯ ಬೀದಿಯಲ್ಲಿ ಗೌರಿಯ ಹಬ್ಬಕ್ಕೆಂದು ರೇಷ್ಮೆ ಉಟ್ಟ ಹುಡುಗಿಯರು ಬಣ್ಣದ ಕೋಲು ಬಡಿಯುತ್ತ ಗುಂಪುಗುಂಪಾಗಿ ಕುಣಿದು ಹೋಗುವುದನ್ನು ಬರೆದಿಟ್ಟ. ನಮ್ಮ ಮಲೆನಾಡಿನ ಕೋಲಾಟದ ಇಷ್ಟು ಹಳೆಯ, ಇಷ್ಟು ಕಣ್ಣಿಗೆ ಕಟ್ಟುವ ವರ್ಣನೆಯೊಂದು ನೇಪಲ್ಸಿನಲ್ಲಿದ್ದ ಅವನ ಗೆಳೆಯ ಮಾರಿಯೊ ಸ್ಕಿಪಾನೊನಿಗೆ ಬರೆದ ಕಾಗದದಲ್ಲಿದೆ. ಇಕ್ಕೇರಿಯಲ್ಲಿ ಕೂತು ಬರೆದ ಆ ಕಾಗದದ ತಾರೀಖು 1623ರ ನವೆಂಬರ್ 22.

ಅದರಲ್ಲೇ ಇಕ್ಕೇರಿಯ ಪಟ್ಟದರಸಿಯ ಕಥೆಯೂ ಬರುತ್ತದೆ. ವೆಂಕಟಪ್ಪ ನಾಯಕನ ಹಿರಿಯ ಹೆಂಡತಿ ಭದ್ರಮ್ಮ ಕೆಲವು ತಿಂಗಳ ಹಿಂದೆ ತೀರಿಕೊಂಡಿದ್ದಳು. ಮೂವತ್ತೈದು ವರ್ಷದ ಸಂಸಾರ. ಗಂಡ ಹೆಂಡತಿ ಇಬ್ಬರೂ ಲಿಂಗವಂತರು. ಹತ್ತು ಹನ್ನೆರಡು ವರ್ಷಗಳ ಹಿಂದೆ ಅರಸ ಒಬ್ಬ ಮುಸಲ್ಮಾನ ಹೆಂಗಸನ್ನು ಗುಟ್ಟಾಗಿ ಬೇರೆ ಕಡೆ ಇರಿಸಿಕೊಂಡಿದ್ದ. ಸುದ್ದಿ ಭದ್ರಮ್ಮನ ಕಿವಿಗೆ ಬಿತ್ತು. ಆಕೆ ಕೂಗಾಡಲಿಲ್ಲ, ತವರಿಗೂ ಹೋಗಲಿಲ್ಲ. ಇನ್ನು ಮೇಲೆ ನಾನು ನಿಮ್ಮ ಹೆಂಡತಿಯಲ್ಲ, ಮಗಳು ಎಂದು ತೀರ್ಮಾನ ಹೇಳಿದಳು. ಅರಸ ಎಷ್ಟು ಒಲಿಸಿದರೂ ಮಾತು ಬದಲಿಸಲಿಲ್ಲ. ಅದೇ ಅರಮನೆಯಲ್ಲಿ, ಅದೇ ಗೌರವದಲ್ಲಿ, ಅವನಿಗೆ ಬೇಕಾದವಳಾಗಿಯೇ ಕೊನೆಯವರೆಗೆ ಇದ್ದಳು. ಆಕೆ ಸತ್ತ ಮೇಲೆ ಅರಸ ಮತ್ತೆ ಮದುವೆಯಾಗಲು ಒಪ್ಪಲಿಲ್ಲ.

ಇದನ್ನು ಡೆಲ್ಲಾ ವಾಲೆ ಕಣ್ಣಾರೆ ಕಂಡದ್ದಲ್ಲ, ಊರವರ ಬಾಯಿಂದ ಕೇಳಿದ್ದು. ಆದರೂ ಈ ಒಂದು ಪ್ರಸಂಗ ನನ್ನನ್ನು ಬಹಳ ಕಾಡಿದೆ. ನಮ್ಮ ಶಾಸನಗಳಲ್ಲಿ ರಾಣಿಯರು ದಾನ ಕೊಡುತ್ತಾರೆ, ಗುಡಿ ಕಟ್ಟಿಸುತ್ತಾರೆ, ಕೆರೆ ತೋಡಿಸುತ್ತಾರೆ. ಕಾವ್ಯಗಳಲ್ಲಿ ಅವರಿಗೆ ಕಮಲದ ಕಣ್ಣು, ಹಂಸದ ನಡೆ. ಮನಸ್ಸು ನೊಂದ ಹೆಂಡತಿಯೊಬ್ಬಳು ಗಂಡನ ಜೊತೆಗಿನ ಸಂಬಂಧವನ್ನೇ ತನ್ನ ಲೆಕ್ಕದಲ್ಲಿ ಹೊಸದಾಗಿ ಬರೆದು, ಅದಕ್ಕೆ ಹತ್ತು ಹನ್ನೆರಡು ವರ್ಷ ಬದ್ಧಳಾಗಿ ಬಾಳಿದ್ದು ಒಬ್ಬ ಪರದೇಶಿಯ ಕಾಗದದಲ್ಲಿ ಸಿಗುತ್ತದೆ. ಅವನಿಗೆ ಅದು ಮುಖ್ಯವೆನಿಸಿತು. ಹೆಂಡತಿಯ ಪೆಟ್ಟಿಗೆಯನ್ನು ಹೊತ್ತು ತಿರುಗುತ್ತಿದ್ದವನು, ಹೆಂಡತಿ ಸತ್ತ ಇನ್ನೊಬ್ಬ ಗಂಡಸಿನ ಊರಿಗೆ ಬಂದಿದ್ದ.

ಇಕ್ಕೇರಿಯ ಬೀದಿಯಲ್ಲೇ ಅವನು ಇನ್ನೊಬ್ಬಳನ್ನು ಕಂಡ. ಕುದುರೆಯ ಮೇಲೆ ಕೂತು, ಮುಖ ತೆರೆದು, ಒಂದು ಕೈಯಲ್ಲಿ ಕನ್ನಡಿ, ಇನ್ನೊಂದರಲ್ಲಿ ನಿಂಬೆಹಣ್ಣು ಹಿಡಿದು, ಕನ್ನಡಿ ನೋಡಿಕೊಳ್ಳುತ್ತ ಏನೋ ಹಾಡುತ್ತ ಹೋಗುತ್ತಿದ್ದಳು. ಹಿಂದೆ ಡೋಲು, ಮೇಲೆ ಸತ್ತಿಗೆ. ಗಂಡ ಸತ್ತಿದ್ದ, ಆಕೆ ಸಹಗಮನಕ್ಕೆ ನಿಶ್ಚಯಿಸಿದ್ದಳು. ನಾಲ್ಕಾರು ದಿನದ ಮೇಲೆ ಡೆಲ್ಲಾ ವಾಲೆ ಅವಳ ಮನೆಗೇ ಹೋದ. ಅಂಗಳದಲ್ಲಿ ಬಿಳಿ ಬಟ್ಟೆ ಉಟ್ಟು, ಚಿನ್ನದ ಒಡವೆ ತೊಟ್ಟು, ತಲೆಗೆ ಸೂರ್ಯನ ಕಿರಣದಂತೆ ಹರಡಿದ ಹೂಮಾಲೆ ಮುಡಿದು ಮದುಮಗಳಂತೆ ಕೂತಿದ್ದಳು. ಹೆಸರು ಜಕ್ಕಮ್ಮ, ತೆಲುಗರವಳು, ಗಂಡ ಡೋಲು ಬಾರಿಸುವವನು. ಗಂಡ ಸತ್ತು ಹತ್ತೊಂಬತ್ತು ದಿನವಾಗಿತ್ತು. ಅವನ ಇನ್ನಿಬ್ಬರು ಹಿರಿಯ ಹೆಂಡಿರು ಅಲ್ಲೇ ಇದ್ದರು. ಮಕ್ಕಳಿದ್ದಾರೆ, ನಾವು ಸಾಯುವುದಿಲ್ಲ ಎಂದರು. ಜಕ್ಕಮ್ಮನಿಗೂ ಆರೇಳು ವರ್ಷದ ಮಗ, ಅವನಿಗಿಂತ ಚಿಕ್ಕ ಮಗಳು. ಇವರನ್ನು ಹೇಗೆ ಬಿಟ್ಟು ಹೋಗುತ್ತೀಯ ಎಂದು ಕೇಳಿದ್ದಕ್ಕೆ, ಮಾವನ ಕೈಗೆ ಒಪ್ಪಿಸಿದ್ದೇನೆ ಎಂದಳು. ಬೇಡವೆಂದು ಅವನು ಬಹಳ ಹೇಳಿ ನೋಡಿದ. ಕೊನೆಗೆ, ನಿನ್ನ ಹೆಸರು ಲೋಕದಲ್ಲಿ ಉಳಿಯುವಂತೆ ಬರೆಯುತ್ತೇನೆ ಎಂದು ಮಾತು ಕೊಟ್ಟು ಎದ್ದ. ಡೋಲಿನವನ ಹೆಂಡತಿಯೊಬ್ಬಳ ಹೆಸರು 400 ವರ್ಷ ಉಳಿದದ್ದು ಆ ಮಾತಿನಿಂದ. ಆ ಇಬ್ಬರು ಹಿರಿಯ ಹೆಂಡಿರ ಹೆಸರನ್ನು ಅವನು ಕೇಳಿದ್ದರೆ ಎಷ್ಟು ಚೆನ್ನಾಗಿತ್ತು! ಸಾಯುವುದಿಲ್ಲ ಎಂದು ಊರವರ ಎದುರಿಗೆ ಹೇಳಲು ಅವರಿಗೂ ಕಡಿಮೆ ಧೈರ್ಯ ಬೇಕಿರಲಿಲ್ಲ.

ಡಿಸೆಂಬರಿನಲ್ಲಿ ಅವನು ಘಟ್ಟ ಇಳಿದು ಅಬ್ಬಕ್ಕನನ್ನೂ ನೋಡಿದ. ರಾಣಿ ಬರಿಗಾಲಿನಲ್ಲಿ ಹೊಲದ ಬದುವಿನ ಮೇಲೆ ನಿಂತು ನೀರಿನ ಕಾಲುವೆಯ ಕೆಲಸ ಮಾಡಿಸುತ್ತಿದ್ದಳು. ನೋಡಲು ರಾಣಿಯಂತಿರಲಿಲ್ಲ ಎಂದು ಒರಟಾಗಿಯೇ ಬರೆದವನು, ಮಾತು ಕೇಳಿದ ಮೇಲೆ ಆಕೆಯ ಬುದ್ಧಿಯನ್ನು ಒಪ್ಪಿಕೊಂಡ. ಭಾರತದಿಂದ ಬರೆದ ಅವನ ಕಾಗದಗಳು ಅಚ್ಚಾದದ್ದು ಅವನು ಸತ್ತ ಮೇಲೆ, 1663ರಲ್ಲಿ. ಅಷ್ಟು ಹೊತ್ತಿಗೆ ಇಕ್ಕೇರಿ ರಾಜಧಾನಿಯಾಗಿ ಉಳಿದಿರಲಿಲ್ಲ. 1637ರಲ್ಲಿ ಬಿಜಾಪುರದ ದಂಡು ಇಕ್ಕೇರಿಯನ್ನು ಹಾಳುಮಾಡಿತ್ತು; ಅರಸರು ಗುಡ್ಡಗಳ ನಡುವಿನ ಬಿದನೂರಿಗೆ ಹೋಗಿದ್ದರು.

ಇಲ್ಲಿಂದ ಮುಂದೆ ಎರಡು ಊರುಗಳ ಕಥೆಯನ್ನು ಒಟ್ಟಿಗೆ ಹೇಳಬೇಕು. 1671ನೇ ಇಸವಿ. ಬಿದನೂರಿನಲ್ಲಿ ಅರಸ ಸೋಮಶೇಖರ ನಾಯಕ ಕೊಲೆಯಾಗಿ ಚೆನ್ನಮ್ಮ ವಿಧವೆಯಾದದ್ದು ಆ ವರ್ಷ. ಪ್ಯಾರಿಸಿನಲ್ಲಿ ಮದಾಂ ದ ಸೆವಿನ್ಯೆ ಮಗಳಿಗೆ ಕಾಗದ ಬರೆಯಲು ಶುರುಮಾಡಿದ್ದೂ ಆ ವರ್ಷ, ಫೆಬ್ರವರಿಯಲ್ಲಿ. ಇಬ್ಬರೂ ಕಣ್ಮುಚ್ಚಿದ್ದು ಹೆಚ್ಚುಕಡಿಮೆ ಒಂದೇ ಹೊತ್ತಿಗೆ: ಸೆವಿನ್ಯೆ 1696ರ ಏಪ್ರಿಲಿನಲ್ಲಿ, ಚೆನ್ನಮ್ಮ ಅದರ ಆಸುಪಾಸಿನಲ್ಲಿ. ಒಬ್ಬಳು ಇನ್ನೊಬ್ಬಳ ಹೆಸರನ್ನೂ ಕೇಳಿರಲಾರಳು. ಆದರೆ ಮನೆತನದ ಬದುಕಿನಲ್ಲಿ ಹೊಂದಿಕೆ ಎಷ್ಟೊಂದು ಇದೆ ಎಂದರೆ, ಒಬ್ಬಳ ಮೇಲೆ ಬಿದ್ದ ಬೆಳಕಿನಲ್ಲಿ ಇನ್ನೊಬ್ಬಳನ್ನು ಹುಡುಕಬೇಕೆನಿಸುತ್ತದೆ.

ಸೆವಿನ್ಯೆ ಹುಟ್ಟಿದ್ದು 1626ರಲ್ಲಿ. ತಂದೆ ರಾಬ್ಯುತಾಂ ಎಂಬ ಹಳೆಯ ಯೋಧ ಮನೆತನದವನು. ತಾಯಿಯ ಮನೆಯವರು ಉಪ್ಪಿನ ಸುಂಕದ ಗುತ್ತಿಗೆಯಲ್ಲಿ ದುಡ್ಡು ಮಾಡಿದ ಕುಲಾಂಜ್ ಮನೆತನದವರು. ಹೆಸರಿದ್ದವರು ಹಣವಿದ್ದವರ ಮನೆಯಿಂದ ಹೆಣ್ಣು ತರುವುದು ಅಲ್ಲೂ ರೂಢಿಯೇ. ತಂದೆ ಮರುವರ್ಷ ಯುದ್ಧದಲ್ಲಿ ಸತ್ತ, ಏಳು ವರ್ಷದವಳಿದ್ದಾಗ ತಾಯಿಯೂ ಹೋದಳು. ತಾಯಿಯ ಕಡೆಯವರು ಸಾಕಿ ಚೆನ್ನಾಗಿ ಓದಿಸಿದರು. 1644ರಲ್ಲಿ ಬ್ರಿಟನಿಯ ಜಮೀನ್ದಾರ ಆನ್ರಿ ದ ಸೆವಿನ್ಯೆಯ ಜೊತೆ ಮದುವೆ. ಅವನು ಹೆಂಡತಿಯ ಹಣ ಕರಗಿಸಿದ, ಬೇರೆ ಹೆಂಗಸರ ಹಿಂದೆ ಹೋದ, ಕೊನೆಗೆ 1651ರಲ್ಲಿ ಅಂಥ ಒಬ್ಬಳ ವಿಷಯಕ್ಕೆ ಕತ್ತಿಯ ದ್ವಂದ್ವಕ್ಕಿಳಿದು ಸತ್ತ. ಹೆಂಡತಿಗೆ ಇಪ್ಪತ್ತೈದು ವರ್ಷ, ಒಂದು ಹೆಣ್ಣು ಒಂದು ಗಂಡು. ಮತ್ತೆ ಮದುವೆಯಾಗಲಿಲ್ಲ. ಸೋದರಮಾವನ ನೆರವಿನಿಂದ ಸಾಲ ತೀರಿಸಿ, ಜಮೀನು ನೋಡಿಕೊಂಡು, ಪ್ಯಾರಿಸಿನ ಪಂಡಿತರ, ದೊಡ್ಡ ಮನುಷ್ಯರ ಬೈಠಕ್ಕುಗಳಲ್ಲಿ ತನ್ನ ಮಾತಿನಿಂದಲೇ ಹೆಸರು ಮಾಡಿದಳು. ಕಾದಂಬರಿಕಾರ್ತಿ ಮದಾಂ ದ ಲಾಫಾಯೆತ್ ಜೀವದ ಗೆಳತಿ.

ಮಗಳು ಫ್ರಾಂಸ್ವಾಸ್ ಮಾರ್ಗರೀತಳನ್ನು 1669ರಲ್ಲಿ ಗ್ರಿನ್ಯಾಂ ಕೌಂಟನಿಗೆ ಕೊಟ್ಟಳು. ಅವನಿಗೆ ಅದು ಮೂರನೇ ಮದುವೆ. ದೊರೆ ಅವನನ್ನು ದಕ್ಷಿಣದ ಪ್ರೊವಾನ್ಸಿನ ಆಡಳಿತಕ್ಕೆ ಹಾಕಿದ. ಮಗಳು ಗಂಡನ ಊರಿಗೆ ಹೊರಟ ದಿನದಿಂದ ತಾಯಿಯ ಕಾಗದ ಆರಂಭ. ಅಂಚೆ ಹೊರಡುವ ದಿನಗಳೇ ಆಕೆಗೆ ವಾರದ ದಿನಗಳಾದವು. ಉಳಿದು ಬಂದಿರುವ ಸುಮಾರು 1100 ಕಾಗದಗಳಲ್ಲಿ ಹೆಚ್ಚಿನವು ಈ ಮಗಳಿಗೆ ಬರೆದವು. ಅವುಗಳಲ್ಲಿ ಏನಿಲ್ಲ? ಆಸ್ಥಾನದ ಮದುವೆ ಮುರಿದದ್ದು, ಊಟದ ಮೀನು ಹೊತ್ತಿಗೆ ಬರಲಿಲ್ಲವೆಂದು ಪ್ರಾಣ ಕಳೆದುಕೊಂಡ ವಾತೆಲ್ ಎಂಬ ಮನೆವಾರ್ತೆಯವನು, ಹುಲ್ಲು ಕೊಯ್ಲು, ಸಂಧಿವಾತಕ್ಕೆ ಬಿಸಿನೀರಿನ ಬುಗ್ಗೆಯ ಸ್ನಾನ. ಮಗಳು ಮೇಲಿಂದ ಮೇಲೆ ಬಸುರಾಗುತ್ತಿದ್ದಾಳೆ, ಜೀವಕ್ಕೆ ಅಪಾಯ, ಸ್ವಲ್ಪ ಕಾಲ ಬೇರೆ ಕೋಣೆಯಲ್ಲಿ ಮಲಗಿ ಎಂದು ಮಗಳಿಗೂ ಅಳಿಯನಿಗೂ ನೇರವಾಗಿ ಬರೆಯುತ್ತಾಳೆ. ಅಳಿಯನಿಗೆ ಅತ್ತೆ ಈ ಮಾತು ಬರೆಯುವುದನ್ನು ನಮ್ಮಲ್ಲಿ ಇಂದಿಗೂ ಊಹಿಸುವುದು ಕಷ್ಟ.

ಇನ್ನೂ ಒಂದಿದೆ. ಮಗ ಶಾರ್ಲ್ 1671ರಲ್ಲಿ ನಿನೋಂ ದ ಲಾಂಕ್ಲೋ ಎಂಬ ಪ್ರಸಿದ್ಧ ವಿಲಾಸಿನಿಯ ಮನೆಗೆ ಹೋಗತೊಡಗಿದ. ಅದೇ ನಿನೋಂ ಹಿಂದೆ ಅವನ ಅಪ್ಪನನ್ನೂ ಸೆಳೆದಿದ್ದವಳು. ತಾಯಿಗೆ ಇದು ಎಂಥ ಗಾಯ! ಆದರೆ ಆಕೆ ಅದನ್ನು ಮುಚ್ಚಿಡಲಿಲ್ಲ. ಮಗ ತನ್ನ ಹತ್ತಿರ ಬಂದು ಹೇಳಿಕೊಂಡದ್ದನ್ನು, ತಾನು ಬೈದದ್ದನ್ನು, ಮರುಗಿದ್ದನ್ನು ಮಗಳಿಗೆ ಬರೆದಳು. ಹೀಗಾಗಿ ಆ ಮನೆಯ ತಾಯಿ ಮಗ ಇಬ್ಬರ ದನಿಯೂ ನಮಗೆ ಕೇಳುತ್ತದೆ.

ಈಗ ಬಿದನೂರಿಗೆ ಬರೋಣ. ಚೆನ್ನಮ್ಮ ಕೋಟಿಪುರದ ಸಿದ್ದಪ್ಪ ಶೆಟ್ಟಿಯ ಮಗಳು, ವ್ಯಾಪಾರಸ್ಥರ ಮನೆಯವಳು. ಜಾತ್ರೆಯಲ್ಲಿ ಕಂಡು ಮೆಚ್ಚಿ ಅರಸ ಮದುವೆಯಾದನೆಂದು ನಮ್ಮ ಕಡೆ ಹೇಳುತ್ತಾರೆ. ಜಾತ್ರೆಯ ಕಥೆಯನ್ನು ಬದಿಗಿಟ್ಟರೂ ಒಂದು ಮಾತು ನಿಲ್ಲುತ್ತದೆ: ಮೆಣಸು ಅಕ್ಕಿಗಳ ಸಮುದ್ರ ವ್ಯಾಪಾರದಿಂದ ಬೆಳೆದ ಈ ರಾಜ್ಯದಲ್ಲಿ ಅರಮನೆಗೂ ಶೆಟ್ಟರ ಮನೆಗೂ ನೆಂಟಸ್ತಿಕೆ ಇತ್ತು. ಆಮೇಲೆ ಚೆನ್ನಮ್ಮ ದತ್ತು ತೆಗೆದುಕೊಂಡ ಬಸಪ್ಪನೂ ಬಿದನೂರಿನ ಮರಿಯಪ್ಪ ಶೆಟ್ಟಿಯೆಂದೋ ಮಾರ್ಕಪ್ಪ ಶೆಟ್ಟಿಯೆಂದೋ ಹೆಸರು ಸಿಗುವ ವರ್ತಕನ ಮಗನೇ. ಲೆಕ್ಕ ಪತ್ರ, ಸರಕು, ಸಾಲ ಇವುಗಳ ನಡುವೆ ಬೆಳೆದ ಹೆಣ್ಣು ಆಕೆ. ಇಪ್ಪತ್ತೈದು ವರ್ಷ ರಾಜ್ಯವನ್ನು ಸಾಲದಲ್ಲಿ ಮುಳುಗಿಸದೆ ನಡೆಸಿದ್ದರಲ್ಲಿ ತವರಿನ ಪಾಠವೂ ಇರಬೇಕು ಎಂಬುದು ನನ್ನ ಎಣಿಕೆ.

ಸೋಮಶೇಖರ ನಾಯಕ ಮೊದಲು ಒಳ್ಳೆಯ ಅರಸನಾಗಿಯೇ ಆಳಿದ. ಆಮೇಲೆ ಕಲಾವತಿ ಎಂಬ ನರ್ತಕಿಯ ಮೋಹಕ್ಕೆ ಸಿಕ್ಕಿ, ಆಕೆಯ ಮನೆಯವರು ಕೊಟ್ಟ ಮದ್ದಿನಿಂದ ಬುದ್ಧಿ ಕೆಟ್ಟಿತೆಂದು ಹೇಳುತ್ತಾರೆ. ಈ ಕಥೆ ನಮಗೆ ಬಂದಿರುವುದು ಲಿಂಗಣ್ಣ ಕವಿಯ ಕೆಳದಿನೃಪವಿಜಯದ ಕಡೆಯಿಂದ. ಲಿಂಗಣ್ಣ ಬರೆದದ್ದು 18ನೇ ಶತಮಾನದಲ್ಲಿ, ಆಸ್ಥಾನದ ಕವಿಯಾಗಿ. ಅವನ ಚಂಪೂಕಾವ್ಯ ಇಲ್ಲದಿದ್ದರೆ ಕೆಳದಿಯ ಚರಿತ್ರೆಯೇ ಅರ್ಧ ಕತ್ತಲಾಗುತ್ತಿತ್ತು. ಆ ಋಣ ದೊಡ್ಡದು. ಆದರೆ ಪ್ಯಾರಿಸಿನ ನಿನೋಂ ಮತ್ತು ಬಿದನೂರಿನ ಕಲಾವತಿಯನ್ನು ಅಕ್ಕಪಕ್ಕ ಇಟ್ಟು ನೋಡಿದರೆ ವ್ಯತ್ಯಾಸ ಎದ್ದು ಕಾಣುತ್ತದೆ. ಅಲ್ಲಿ ಗಾಯಗೊಂಡ ಹೆಂಗಸೇ ಬರೆದಳು, ಅದಕ್ಕೇ ಅದರಲ್ಲಿ ಸಿಟ್ಟೂ ಇದೆ, ಮರುಕವೂ ಇದೆ, ಮಗನ ಮೇಲಿನ ಪ್ರೀತಿಯೂ ಇದೆ. ಇಲ್ಲಿ ಅದು ವೇಶ್ಯೆಯ ಸಂಗದಿಂದ ಅರಸ ಕೆಟ್ಟ ನೀತಿಕಥೆಯಾಯಿತು. ಚೆನ್ನಮ್ಮ ಆ ಕಥೆಯಲ್ಲಿ ಸಾಧ್ವಿಯಾಗಿ ಕಾಯುತ್ತಾಳೆ. ಕಲಾವತಿಗಂತೂ ಬಾಯೇ ಇಲ್ಲ. ಅರಸನಿಗೆ ಬಂದದ್ದು ಮನೋರೋಗವೋ, ಮದ್ದಿನ ಫಲವೋ ಹೇಳಲು ಆ ಕೋಣೆಯೊಳಗೆ ಇದ್ದವರೊಬ್ಬರೂ ಬರೆದಿಲ್ಲ.

ಅರಸ ಹೀಗಾದ, ಮಕ್ಕಳಿಲ್ಲ. ಬಿಜಾಪುರದ ಸೈನ್ಯ ಬಂತು, ಅರಸನ ಕೊಲೆಯಾಯಿತು, ಬಿದನೂರು ಕೈಬಿಟ್ಟಿತು. ಚೆನ್ನಮ್ಮ ಬೊಕ್ಕಸವನ್ನೂ ನಂಬಿದವರನ್ನೂ ಕರೆದುಕೊಂಡು ಭುವನಗಿರಿಗೆ, ಅಂದರೆ ಕವಲೇದುರ್ಗಕ್ಕೆ ಹೋದಳು. ತಿಮ್ಮಣ್ಣ ನಾಯಕ ಎಂಬುವನು ಬೆಂಬಲಕ್ಕೆ ನಿಂತ, ಬಿದನೂರು ಮರಳಿ ಸಿಕ್ಕಿತು. ಆಕೆಗೆ ಪಟ್ಟ ಕಟ್ಟಿದ್ದು ಭುವನಗಿರಿಯಲ್ಲೇ.

ಕವಲೇದುರ್ಗಕ್ಕೆ ಹೋದವರು ಕೋಟೆಯ ಬಾಗಿಲುಗಳನ್ನು ದಾಟಿ ಮೇಲೆ ಅರಮನೆಯ ತಳಪಾಯದವರೆಗೆ ನಡೆಯಬೇಕು. ಗೋಡೆಗಳಿಲ್ಲ, ಮಾಡು ಇಲ್ಲ. ಕಂಬ ನಿಲ್ಲಿಸುತ್ತಿದ್ದ ಕಲ್ಲುಗಳು, ಜಗಲಿ, ಮೆಟ್ಟಿಲು, ನೀರಿನ ಕೊಳ, ಅಡುಗೆಮನೆಯ ಕಲ್ಲಿನ ಒಲೆ ಉಳಿದಿವೆ. ಆ ಒಲೆಯ ಮುಂದೆ ನಿಂತರೆ ಯುದ್ಧದ ಚರಿತ್ರೆಯಲ್ಲಿ ಬಾರದ ಎಷ್ಟೋ ಕೆಲಸ ಕಣ್ಣಿಗೆ ಬರುತ್ತದೆ. ರಾಜಧಾನಿ ಬಿಟ್ಟು ಬಂದ ಪರಿವಾರಕ್ಕೆ ಈ ಮಳೆಗಾಡಿನ ಗುಡ್ಡದ ಮೇಲೆ ದಿನವೂ ಅನ್ನ ಬೇಯಬೇಕಿತ್ತು. ಒಣ ಸೌದೆ ಬೇಕಿತ್ತು, ಅಕ್ಕಿ ಹೊತ್ತು ತರುವವರು ಬೇಕಿತ್ತು. ಮಠದ ಅಯ್ಯನವರು ಬಂದರೆ ಬೇರೆ ಏರ್ಪಾಡು. ಗಂಡನನ್ನು ಕಳೆದುಕೊಂಡ ಮೊದಲ ಮಳೆಗಾಲವನ್ನು ಚೆನ್ನಮ್ಮ ಹೇಗೆ ಕಳೆದಳೆಂದು ಬರೆದವರಿಲ್ಲ, ಆದರೆ ಈ ಒಲೆ ಉರಿಯದ ದಿನ ಇರಲಿಲ್ಲವೆಂದು ಧಾರಾಳವಾಗಿ ಹೇಳಬಹುದು.

ಚೆನ್ನಮ್ಮ ಕಾಗದ ಬರೆಸಲಿಲ್ಲವೆಂದಲ್ಲ. ಕೆಳದಿಯ ಅರಸರು ಮಠಗಳಿಗೆ, ಅಧಿಕಾರಿಗಳಿಗೆ ಕಳಿಸುತ್ತಿದ್ದ ಆಜ್ಞೆಗೆ ನಿರೂಪ ಎನ್ನುತ್ತಿದ್ದರು. ಶೃಂಗೇರಿ ಮಠದ ಕಡತಗಳಲ್ಲಿ ಕೆಳದಿಯವರ ಇಂಥ ನಿರೂಪಗಳಿವೆ. ಸುಂಕ ಬಿಟ್ಟದ್ದು, ಭೂಮಿ ಬಿಟ್ಟದ್ದು, ತಕರಾರು ತೀರಿಸಿದ್ದು ಅವುಗಳ ವಿಷಯ. ರಾಯಸದವರು ಬರೆಯುವರು, ಮುದ್ರೆ ಬೀಳುವುದು. ಗೋವೆಯ ಪೋರ್ಚುಗೀಸರ ಜೊತೆಯೂ ವ್ಯಾಪಾರದ, ಕರಾವಳಿಯ ಕೋಠಿಗಳ ವಿಷಯವಾಗಿ ವ್ಯವಹಾರ ನಡೆದೇ ಇತ್ತು. 1689ರಲ್ಲಿ ಮರಾಠ ದೊರೆ ಸಂಭಾಜಿಯ ಕೊಲೆಯಾದ ಮೇಲೆ ರಾಜಾರಾಮ ವೇಷ ಮರೆಸಿಕೊಂಡು ಜಿಂಜಿಯ ಕಡೆ ಓಡುವಾಗ ಬಿದನೂರಿನ ಸೀಮೆಗೆ ಬಂದ. ಅವನನ್ನು ಒಪ್ಪಿಸುವಂತೆ ಔರಂಗಜೇಬನಿಂದ ಪತ್ರ ಬಂತು. ಅಷ್ಟರಲ್ಲಿ ಚೆನ್ನಮ್ಮ ಅವನನ್ನು ದಾಟಿಸಿದ್ದಳು. ನಮ್ಮಲ್ಲಿಲ್ಲ ಎಂದು ಉತ್ತರ ಹೋಯಿತು. ಮೊಗಲರ ಸೈನ್ಯ ಕಾಡು ಮಳೆಗಳಲ್ಲಿ ಸೋತು ಸುಣ್ಣವಾಗಿ ಕೊನೆಗೆ ರಾಜಿಗೆ ಬಂತು. ಪತ್ರವೆಂದರೆ ಬಿದನೂರಿನ ರಾಣಿಗೆ ಇಂಥ ಭಾರದ ವಸ್ತು. ಒಂದು ತಪ್ಪು ಮಾತಿಗೆ ರಾಜ್ಯ ಹೋಗಬಹುದಿತ್ತು. ಅದೇ 1689ರಲ್ಲಿ ಸೆವಿನ್ಯೆ ಬ್ರಿಟನಿಯ ತನ್ನ ಲೇ ರೋಷೆ ತೋಟದ ಮನೆಯಲ್ಲಿ ಕೂತು, ತಾನು ಬೆಳೆಸಿದ ಮರಗಳ ಸಾಲಿನಲ್ಲಿ ನಡೆದಾಡಿ, ಓದಿದ ಪುಸ್ತಕದ ಬಗ್ಗೆ ಮಗಳಿಗೆ ಬರೆಯುತ್ತಿದ್ದಳು. ಆಳುವ ಹೆಂಗಸಿಗೆ ಆ ಬಿಡುವು ಇರಲಿಲ್ಲ. ಜೊತೆಗೆ ಇನ್ನೊಂದು ಕಾರಣವೂ ಇದೆ. ಸೆವಿನ್ಯೆಯ ಮಗಳು ದೂರ ಹೋದಳು, ಅದಕ್ಕೆ ಕಾಗದ ಹುಟ್ಟಿತು. ಚೆನ್ನಮ್ಮನ ಮಗ ಕಣ್ಣೆದುರಿಗೇ ಬೆಳೆದ. ಮಾತಾಡಿ ಮುಗಿಸಿದ್ದನ್ನು ಯಾರೂ ಬರೆಯುವುದಿಲ್ಲ.

ಕಾಗದ ಬರೆದವರದ್ದೆಲ್ಲ ಉಳಿಯಿತೆಂದೂ ಅಲ್ಲ. ಸೆವಿನ್ಯೆಯ ಮಗಳು ತಾಯಿಗೆ ಬರೆದ ಉತ್ತರಗಳು ಒಂದೂ ಸಿಗುವುದಿಲ್ಲ. ಮೊಮ್ಮಗಳು ಪೋಲಿನ್ ಅಜ್ಜಿಯ ಕಾಗದಗಳನ್ನು 1730ರ ದಶಕದಲ್ಲಿ ಅಚ್ಚಿಗೆ ಕೊಡುವಾಗ ಮನೆಯ ಮಾನಕ್ಕೆ ಕುಂದೆನಿಸಿದ್ದನ್ನು ತೆಗೆಸಿದಳು, ತಾಯಿಯ ಕಾಗದಗಳನ್ನು ಇಲ್ಲವಾಗಿಸಿದಳು. ಮನೆಯ ಮಾನ ಕಾಯುವುದಕ್ಕೆ ಹೆಂಗಸಿನ ದನಿಯನ್ನೇ ಮೊದಲು ಅಡಗಿಸುವುದು ಅಲ್ಲಿಯೂ ನಡೆಯಿತು, ಅದೂ ಹೆಂಗಸಿನ ಕೈಯಿಂದಲೇ.

ಬೇರೆಯವರ ಲೇಖನಿ ಎಷ್ಟು ಕ್ರೂರವಾಗಬಹುದೆಂದು ತಿಳಿಯಲು ವೀರಮ್ಮಾಜಿಯನ್ನು ನೋಡಬೇಕು. 1750ರ ದಶಕದಲ್ಲಿ ಗಂಡ ಇಮ್ಮಡಿ ಬಸಪ್ಪ ನಾಯಕ ಸತ್ತ, ದತ್ತುಮಗ ಚೆನ್ನಬಸಪ್ಪನೂ ಹೋದ, ಆಕೆ ಇನ್ನೊಬ್ಬ ಹುಡುಗನನ್ನು ದತ್ತು ತೆಗೆದುಕೊಂಡು ಆಳಿದಳು. ಚೆನ್ನಬಸಪ್ಪನನ್ನು ಆಕೆಯೇ ಕೊಲ್ಲಿಸಿದಳೆಂದು, ಆಕೆಗೆ ಪ್ರಿಯಕರನಿದ್ದನೆಂದು ಸುದ್ದಿ ಹಬ್ಬಿತು. ಸತ್ತ ಚೆನ್ನಬಸಪ್ಪ ನಾನೇ ಎಂದು ಒಬ್ಬ ಹೈದರನ ಮೊರೆ ಹೋದ. ಅದನ್ನೇ ನೆವ ಮಾಡಿಕೊಂಡು ಹೈದರ್ 1763ರಲ್ಲಿ ಬಿದನೂರನ್ನು ಹಿಡಿದ. ರಾಣಿ ಬಲ್ಲಾಳರಾಯನದುರ್ಗಕ್ಕೆ ಹೋದರೂ ಸಿಕ್ಕಿಬಿದ್ದು ಮಧುಗಿರಿಯಲ್ಲಿ ಸೆರೆಯಾದಳು. 1767ರಲ್ಲಿ ಮರಾಠರು ಬಿಡಿಸಿದರು, ಪುಣೆಗೆ ಹೋಗುವ ದಾರಿಯಲ್ಲೇ ತೀರಿಕೊಂಡಳು. ಆಮೇಲೆ ಹೈದರನ ಚರಿತ್ರೆ ಬರೆದವರಲ್ಲಿ ಹಲವರು ಆಕೆಯ ಮಲಗುವ ಕೋಣೆಯ ಕಥೆಯನ್ನು ಸೇರಿಸಿದರು. ಹೈದರನ ಸೇವೆಯಲ್ಲಿದ್ದ ಫ್ರೆಂಚ್ ಸೈನಿಕ ಮೆಸ್ತ್ರ್ ದ ಲಾತೂರ್ ಬರೆದ ಪುಸ್ತಕದಿಂದ ಬಿದನೂರಿನ ರಾಣಿಯ ಕಥೆ ಯುರೋಪನ್ನೂ ಮುಟ್ಟಿತು. ರಾಜ್ಯ ಕಿತ್ತುಕೊಂಡವರ ಕಡೆಯವರು ರಾಜ್ಯ ಕಳೆದುಕೊಂಡವಳ ಶೀಲದ ಬಗ್ಗೆ ಬರೆದದ್ದನ್ನು ಇಂದಿಗೂ ಹಾಗೆಯೇ ಎತ್ತಿ ಹೇಳುವವರಿದ್ದಾರೆ. ಅದು ಅನ್ಯಾಯ. ಆಕೆಯ ಕಡೆಯ ಮಾತು ಒಂದು ಸಾಲೂ ಉಳಿದಿಲ್ಲದಿರುವಾಗ ಆ ಆಪಾದನೆಯನ್ನು ಆಪಾದನೆಯೆಂದಷ್ಟೇ ಬರೆಯಬೇಕು.

ಹಾಗಾದರೆ ಬಿದನೂರಿನ ಮನೆಯೊಳಗಿನಿಂದಲೇ ಬಂದ ಬರಹ ಏನೂ ಇಲ್ಲವೇ? ಒಂದಿದೆ. ಚೆನ್ನಮ್ಮ ಸಾಕಿದ ಬಸಪ್ಪ ನಾಯಕ, ಪಟ್ಟಕ್ಕೆ ಬಂದ ಹತ್ತು ಹನ್ನೆರಡು ವರ್ಷಗಳ ಮೇಲೆ, 1709ರಲ್ಲಿ ಶಿವತತ್ತ್ವರತ್ನಾಕರವನ್ನು ಸಂಸ್ಕೃತದಲ್ಲಿ ಬರೆದ. 9 ಕಲ್ಲೋಲ, 108 ತರಂಗಗಳ ದೊಡ್ಡ ಗ್ರಂಥ. ಹುಟ್ಟು ಅರಸು ಮನೆಯದಲ್ಲದ, ಶೆಟ್ಟರ ಮನೆಯಿಂದ ಬಂದ ಹುಡುಗನನ್ನು ಇಂಥ ವಿದ್ವಾಂಸನನ್ನಾಗಿ ಓದಿಸಿದವಳು ಚೆನ್ನಮ್ಮ. ಗ್ರಂಥದ ಕಟ್ಟಡವೇ ಒಂದು ಮನೆಮಾತು: ಮಗ ಸೋಮಶೇಖರ ಕೇಳುತ್ತಾನೆ, ತಂದೆ ಬಸವರಾಜ, ಅಂದರೆ ಬಸಪ್ಪನೇ, ಹೇಳುತ್ತಾನೆ. ಮೊಮ್ಮಗನಿಗೆ ಇಟ್ಟ ಹೆಸರು ಚೆನ್ನಮ್ಮನ ಗಂಡನದು. ಆ ಮಾತಿನಲ್ಲಿ ಲೋಕದ ಸೃಷ್ಟಿ, ರಾಜನೀತಿ, ಕೆಳದಿ ಅರಸರ ಚರಿತ್ರೆ ಎಲ್ಲ ಬರುತ್ತದೆ, ಅಡುಗೆಮನೆಯೂ ಬರುತ್ತದೆ. ಒಲೆ ಯಾವ ದಿಕ್ಕಿನಲ್ಲಿರಬೇಕು, ಯಾವ ಲೋಹದ ಪಾತ್ರೆಯಲ್ಲಿ ಬೇಯಿಸಿದ ಅನ್ನ ಹೇಗಿರುತ್ತದೆ, ಅಕ್ಕಿಯಲ್ಲಿ ಎಷ್ಟು ಬಗೆ ಎಂದು ಒಬ್ಬ ಅರಸ ಮಗನಿಗೆ ವಿವರಿಸುತ್ತಾನೆ. ಹಳೆಯ ಶಾಸ್ತ್ರಗ್ರಂಥಗಳಿಂದ ಅವನು ತೆಗೆದುಕೊಂಡದ್ದು ಬಹಳ, ನಿಜ. ಆದರೂ ಆ ಪುಟಗಳನ್ನು ಪಾಕಶಾಸ್ತ್ರದ ಚರಿತ್ರೆಗೆ ಮಾತ್ರ ಬಿಟ್ಟುಕೊಡದೆ, ಚೆನ್ನಮ್ಮನ ಮನೆಯಲ್ಲಿ ಉಂಡು ಬೆಳೆದವನು ಬರೆದದ್ದೆಂದು ಒಮ್ಮೆ ಓದಬೇಕು. ಯಾವುದು ಪುಸ್ತಕದಿಂದ ಬಂದದ್ದು, ಯಾವುದು ಮಲೆನಾಡಿನ ಒಲೆಯಿಂದ ಬಂದದ್ದು ಎಂದು ಬೇರ್ಪಡಿಸಲು ಸಂಸ್ಕೃತ ಬಲ್ಲ, ಇಲ್ಲಿನ ಅಡುಗೆಯನ್ನೂ ಬಲ್ಲ ಯಾರಾದರೂ ಕೂರಬೇಕಾಗಿದೆ.